ಮೂರು ಕಾಸಿನ ಬೆಲೆ ಎಷ್ಟು? ಅಜ್ಜಿಯ ಡಬ್ಬಿಯಲ್ಲಿ ಸಿಕ್ಕ ಚಿಲ್ಲರೆಯ ಚರಿತ್ರೆ

ವಿರೂಪಾಕ್ಷಿಪುರದ ನಮ್ಮ ಹಳೇ ಮನೆಯ ಅಟ್ಟ ಗುಡಿಸುವಾಗ ಅಜ್ಜಿಯ ತಗಡಿನ ಡಬ್ಬಿ ಸಿಕ್ಕಿತು. ಮುಚ್ಚಳ ತುಕ್ಕು ಹಿಡಿದಿತ್ತು. ಒಳಗೆ ಹತ್ತಿಪ್ಪತ್ತು ನಾಣ್ಯ. ಹೂವಿನ ಅಂಚಿನ ಹತ್ತು ಪೈಸೆ, ಚೌಕಾಕಾರದ ಐದು ಪೈಸೆ, ಆರು ಮೂಲೆಯ ಮೂರು ಪೈಸೆ, ಕಮಲದ ಚಿತ್ರವಿರುವ ಹಳದಿ ಇಪ್ಪತ್ತು ಪೈಸೆ. ಎಲ್ಲಕ್ಕಿಂತ ಕೆಳಗೆ, ನಡುವೆ ದೊಡ್ಡ ತೂತಿರುವ ಒಂದು ತಾಮ್ರದ ಬಣ್ಣದ ಬಿಲ್ಲೆ.

ಪಕ್ಕದ ಮನೆಯ ಹುಡುಗ ಅದನ್ನು ನೋಡಿ, "ಇದು ವಾಷರ್ ಅಲ್ವಾ ಅಣ್ಣಾ?" ಅಂದ.

ವಾಷರ್ ಅಲ್ಲ. ಅದು ತೂತು ಕಾಸು. ಎರಡನೇ ಮಹಾಯುದ್ಧದ ಕಾಲದಲ್ಲಿ ಲೋಹಕ್ಕೆ ಬರ ಬಂದಾಗ, ಒಂದಿಷ್ಟಾದರೂ ಉಳಿಯಲಿ ಎಂದು ಸರ್ಕಾರ ನಡುವೆ ತೂತು ಹಾಕಿ ಹೊರಡಿಸಿದ ಒಂದು ಪೈಸೆ. 1943ರಿಂದ 1947ರವರೆಗೆ ಇದನ್ನು ಟಂಕಿಸಿದರು. ಅಜ್ಜಿ ಇದನ್ನು ಪೈಸೆ ಅನ್ನುತ್ತಿರಲಿಲ್ಲ, 'ಮೂರು ಕಾಸು' ಅನ್ನುತ್ತಿದ್ದಳು. ಸಂತೆಯಲ್ಲಿ ಮೂರು ಕಾಸಿಗೆ ಸೆರಗು ತುಂಬ ಕಡ್ಲೆಪುರಿ ಬರುತ್ತಿತ್ತಂತೆ.

'ಅವನ ಮಾತಿಗೆ ಮೂರು ಕಾಸಿನ ಬೆಲೆ ಇಲ್ಲ' ಎಂದು ನಾವು ಈಗಲೂ ಬೈಯುತ್ತೇವೆ. ಆ ಮೂರು ಕಾಸು ಇದೇ.

ಆಣೆ, ಪೈಸೆ, ಕಾಸು

ಹಳೇ ಲೆಕ್ಕ ಗೊತ್ತಿಲ್ಲದ ಹುಡುಗರಿಗಾಗಿ ಒಂದು ಮಾತು. ಆಗ ಒಂದು ರೂಪಾಯಿಗೆ 16 ಆಣೆ. ಒಂದು ಆಣೆಗೆ 4 ಪೈಸೆ. ಒಂದು ಪೈಸೆಗೆ 3 ಕಾಸು. ಪುಸ್ತಕದಲ್ಲಿ ಈ ಕಾಸನ್ನು 'ಪೈ' ಎಂದು ಬರೆಯುತ್ತಿದ್ದರು. ಅಂದರೆ ಒಂದು ರೂಪಾಯಿ ಒಡೆದರೆ 192 ಕಾಸು. ನಾಲ್ಕಾಣೆ ಅಂದರೆ ಕಾಲು ರೂಪಾಯಿ, ಎಂಟಾಣೆ ಅಂದರೆ ಅರ್ಧ, ಹನ್ನೆರಡಾಣೆ ಅಂದರೆ ಮುಕ್ಕಾಲು. 'ಹದಿನಾರಾಣೆ ಸತ್ಯ' ಅಂದರೆ ಪೂರ್ತಿ ಸತ್ಯ.

ಇಷ್ಟು ಚಿಕ್ಕ ಚೂರು ಯಾಕೆ ಬೇಕಿತ್ತು? ಬಡವರ ವ್ಯಾಪಾರ ನಡೆಯುತ್ತಿದ್ದದ್ದೇ ಚೂರಿನಲ್ಲಿ. ಒಂದು ಹಿಡಿ ಉಪ್ಪು, ಎರಡು ಎಲೆ, ಒಂದು ತುಂಡು ಹೊಗೆಸೊಪ್ಪು, ದೀಪಕ್ಕೆ ಒಂದು ಸೌಟು ಎಣ್ಣೆ. ಇವನ್ನು ಕೊಳ್ಳಲು ರೂಪಾಯಿ ಉಪಯೋಗಕ್ಕೆ ಬರುವುದಿಲ್ಲ. ಚಿಲ್ಲರೆ ಇಲ್ಲದ ಊರಿನಲ್ಲಿ ಬಡವ ಒಂದೋ ಸಾಲ ಬರೆಸಬೇಕು, ಇಲ್ಲ ಬೇಕಾದ್ದಕ್ಕಿಂತ ಹೆಚ್ಚು ಕೊಳ್ಳಬೇಕು.

ಚಿನ್ನದ ಹಣ, ತಾಮ್ರದ ಕಾಸು

ಈಗ ಇನ್ನೂ ಹಿಂದಕ್ಕೆ ಹೋಗೋಣ. ಹಣ, ದುಡ್ಡು, ಕಾಸು ಎಂದು ನಾವು ಒಂದೇ ಅರ್ಥದಲ್ಲಿ ಬಳಸುವ ಮೂರೂ ಮಾತು ಹಿಂದೆ ಬೇರೆಬೇರೆ ನಾಣ್ಯಗಳ ಹೆಸರು.

'ಹಣ' ಒಂದು ಚಿನ್ನದ ನಾಣ್ಯ. ಮೈಸೂರಿನ ಕಂಠೀರವ ನರಸರಾಜ ಒಡೆಯರು (ಆಳಿದ್ದು 1638ರಿಂದ 1659) ಶ್ರೀರಂಗಪಟ್ಟಣದಲ್ಲಿ ಟಂಕಸಾಲೆ ಇಟ್ಟು ಹೊರಡಿಸಿದ ಕಂಠೀರಾಯಿ ಹಣ ಪ್ರಸಿದ್ಧ. ಅದರ ಮೇಲೆ ನರಸಿಂಹನ ಚಿತ್ರ. ತೂಕ ಅರ್ಧ ಗ್ರಾಮಿಗೂ ಕಡಿಮೆ. ಅಂಗೈಯಲ್ಲಿಟ್ಟರೆ ಒಂದು ಬೇಳೆಯಷ್ಟು ಕಾಣುತ್ತದೆ, ಜೋರಾಗಿ ಉಸಿರು ಬಿಟ್ಟರೆ ಹಾರಿಹೋದೀತು ಅನ್ನಿಸುತ್ತದೆ. ಇಂಥ ಹತ್ತು ಹಣಕ್ಕೆ ಒಂದು ಕಂಠೀರಾಯಿ ವರಹ. ಮೈಸೂರಿನ ಸರ್ಕಾರಿ ಲೆಕ್ಕ ಬಹಳ ಕಾಲ ಈ ವರಹ, ಹಣಗಳಲ್ಲೇ ನಡೆಯಿತು.

ನಮ್ಮ ಶಾಸನಗಳಲ್ಲಿ ಹಣಕ್ಕಿಂತ ಚಿಕ್ಕ ಲೆಕ್ಕವೂ ಇದೆ. ಹಾಗ ಅಂದರೆ ಕಾಲು ಹಣ. ವೀಸ ಅಂದರೆ ಹದಿನಾರನೇ ಒಂದು ಪಾಲು. ಕಾಣಿ ಅಂದರೆ ಅರವತ್ತನಾಲ್ಕನೇ ಒಂದು ಪಾಲು. ದೇವಸ್ಥಾನದ ದೀಪಕ್ಕೆ, ಸಂತೆಯ ಸುಂಕಕ್ಕೆ ಇಷ್ಟಿಷ್ಟು ಎಂದು ಕಲ್ಲಿನ ಮೇಲೆ ಕೆತ್ತುವಾಗ ಹೀಗೆ ಚೂರುಚೂರಾಗಿ ಬರೆಯುತ್ತಿದ್ದರು.

ಆದರೆ ಚಿನ್ನ ಎಷ್ಟು ಚಿಕ್ಕದಾದರೂ ಚಿನ್ನವೇ. ಒಂದು ಹಿಡಿ ಉಪ್ಪಿಗೆ ಚಿನ್ನ ಕೊಡಲು ಆಗುವುದಿಲ್ಲ. ಅಲ್ಲಿಗೆ ಬೇಕಾದದ್ದು ತಾಮ್ರ. ಟಿಪ್ಪು ಸುಲ್ತಾನನ ತಾಮ್ರದ ನಾಣ್ಯಗಳ ಮೇಲೆ ಆನೆಯ ಚಿತ್ರ ಇರುತ್ತಿತ್ತು. ಎರಡು ಪೈಸೆ, ಒಂದು, ಅರ್ಧ, ಕಾಲು, ಅರೆಕಾಲು ಎಂದು ಐದು ಅಳತೆಯಲ್ಲಿ ಅವನ್ನು ಹೊರಡಿಸಿದ. ಅರೆಕಾಲು ಪೈಸೆಗೂ ಆನೆ! ಓದಲು ಬಾರದವನಿಗೂ ಆನೆ ಕಂಡರೆ ಸಾಕು, ಇದು ನಮ್ಮ ದೊರೆಯ ಕಾಸು ಎಂದು ತಿಳಿಯುತ್ತಿತ್ತು.

ಮುಮ್ಮಡಿ ಕೃಷ್ಣರಾಜ ಒಡೆಯರ ಕಾಲದಲ್ಲೂ ಆನೆ ಮುಂದುವರಿಯಿತು, ಆಮೇಲೆ ಸಿಂಹ ಬಂತು. ಆ ಕಾಸುಗಳ ಮೇಲೆ ಕನ್ನಡದಲ್ಲಿ 'ಮಯಿಲಿ ಕಾಸು' ಎಂದು ಬರೆದು 5, 10, 20 ಎಂಬ ಬೆಲೆ ಹಾಕುತ್ತಿದ್ದರು. ಜೊತೆಗೆ ಇಂಗ್ಲಿಷಿನಲ್ಲಿ 'ಕ್ಯಾಶ್' ಎಂದೂ ಇರುತ್ತಿತ್ತು. ತಾಮ್ರದ ಪುಡಿ ನಾಣ್ಯಕ್ಕೆ ಇಂಗ್ಲಿಷರು ಕ್ಯಾಶ್ ಅಂದದ್ದು ದಕ್ಷಿಣದ ನಮ್ಮ 'ಕಾಸು' ಎಂಬ ಮಾತಿನಿಂದಲೇ. 1833ರಲ್ಲಿ ಮೈಸೂರಿನ ಟಂಕಸಾಲೆ ಬೆಂಗಳೂರಿಗೆ ಹೋಯಿತು, 1843ರಲ್ಲಿ ಮುಚ್ಚಿತು. ಆಮೇಲೆ ಕಂಪನಿಯ ರೂಪಾಯಿ, ಆಣೆ, ಪೈಗಳೇ ಉಳಿದವು.

ಚಿನ್ನ, ಬೆಳ್ಳಿ, ತಾಮ್ರ ಮೂರೂ ಓಡಾಡುವ ಕಾಲದಲ್ಲಿ ಒಂದನ್ನು ಕೊಟ್ಟು ಇನ್ನೊಂದನ್ನು ಪಡೆಯಲು ಚಿನಿವಾರನ ಬಳಿ ಹೋಗಬೇಕಿತ್ತು. ಅವನು ನಾಣ್ಯ ಉಜ್ಜಿ ನೋಡಿ, ತೂಗಿ, ವಟ್ಟ ಹಿಡಿದುಕೊಂಡು ಚಿಲ್ಲರೆ ಕೊಡುತ್ತಿದ್ದ. ದೊಡ್ಡ ವ್ಯಾಪಾರಿಗೆ ಆ ವಟ್ಟ ಲೆಕ್ಕಕ್ಕಿಲ್ಲ. ಕಂದಾಯ ಕಟ್ಟಲು ಕಾಸು ಕೂಡಿಸಿ ಹಣ ಮಾಡಿಕೊಳ್ಳುವ ರೈತನಿಗೆ ಅದೇ ಭಾರ.

ಗ್ರೀಸಿನವರು ಬಾಯಲ್ಲಿ ಕಾಸು ಇಡುತ್ತಿದ್ದರು

ಇದು ನಮ್ಮೂರಿನ ಕತೆ ಮಾತ್ರ ಅಲ್ಲ. ಎರಡೂವರೆ ಸಾವಿರ ವರ್ಷದ ಹಿಂದೆ ಗ್ರೀಸ್ ದೇಶದ ಅಥೆನ್ಸ್ ಪಟ್ಟಣದಲ್ಲಿ ಡ್ರಾಕ್ಮಾ ಎಂಬ ಬೆಳ್ಳಿ ನಾಣ್ಯ ಇತ್ತು. ಅದನ್ನು ಒಡೆದರೆ ಆರು ಓಬಲ್. ಓಬಲ್ ಎಂಬ ಹೆಸರು ಬಂದದ್ದು ಕಬ್ಬಿಣದ ಸಲಾಕೆಯಿಂದ. ನಾಣ್ಯ ಬರುವ ಮೊದಲು ಸಲಾಕೆಗಳೇ ಹಣವಾಗಿದ್ದವು. ಅಂಥ ಆರು ಸಲಾಕೆ ಸೇರಿದರೆ ಒಂದು ಹಿಡಿ, ಅದೇ ಡ್ರಾಕ್ಮಾ.

ಬೆಳ್ಳಿಯ ಓಬಲ್ ಮುಕ್ಕಾಲು ಗ್ರಾಮಿಗಿಂತ ತುಸು ಕಡಿಮೆ ತೂಗುತ್ತಿತ್ತು. ಅದರಲ್ಲಿ ಅರ್ಧ, ಕಾಲು ಓಬಲ್‌ಗಳೂ ಇದ್ದವು. ಕಾಲು ಓಬಲ್ ನಮ್ಮ ಕಂಠೀರಾಯಿ ಹಣಕ್ಕಿಂತಲೂ ಚಿಕ್ಕದು. ಆಮೇಲೆ ಅವರೂ ನಮ್ಮಂತೆ ತಾಮ್ರ ಬೆರೆಸಿದ ಕಂಚಿನ ಚಿಲ್ಲರೆಗೆ ಬಂದರು. ಅಥೆನ್ಸಿನಲ್ಲಿ ಅಂಥ ಎಂಟಕ್ಕೆ ಒಂದು ಓಬಲ್.

ಇಷ್ಟು ಚಿಕ್ಕ ನಾಣ್ಯ ಎಲ್ಲಿಡುವುದು? ನಮ್ಮ ಅಜ್ಜಿಯರಿಗೆ ಎಲೆಅಡಿಕೆ ಸಂಚಿ ಇತ್ತು, ಸೆರಗಿನ ಗಂಟು ಇತ್ತು. ಅಥೆನ್ಸಿನವರು ಬಾಯೊಳಗೆ ಇಟ್ಟುಕೊಳ್ಳುತ್ತಿದ್ದರು! ಅರಿಸ್ಟೋಫನಿಸ್ ಎಂಬ ನಾಟಕಕಾರನ ಒಂದು ನಾಟಕದಲ್ಲಿ ಮುದುಕನೊಬ್ಬ ನ್ಯಾಯಸಭೆಯಲ್ಲಿ ಕೂತು ದಿನಕ್ಕೆ ಮೂರು ಓಬಲ್ ಸಂಪಾದಿಸಿ ಮನೆಗೆ ಬರುತ್ತಾನೆ. ಮಗಳು ಮುದ್ದು ಮಾಡುವ ನೆಪದಲ್ಲಿ ಅಪ್ಪನ ಬಾಯಿಂದ ಆ ಕಾಸನ್ನು ಎಗರಿಸುತ್ತಾಳೆ.

ನಗು ಬರುತ್ತದೆ, ಆದರೆ ಆ ಮೂರು ಓಬಲ್‌ನಲ್ಲಿ ದೊಡ್ಡ ಮಾತಿದೆ. ನ್ಯಾಯ ಹೇಳಲು ಕೂರುವ ಜನರಿಗೆ ದಿನಗೂಲಿ ಕೊಡದಿದ್ದರೆ, ಹೊಟ್ಟೆ ತುಂಬಿದವರು ಮಾತ್ರ ಬಂದು ಕೂರುತ್ತಿದ್ದರು. ಚಿಲ್ಲರೆ ಕೂಲಿ ಸಿಕ್ಕಿದ್ದರಿಂದ ಬಡವನೂ ನ್ಯಾಯಸಭೆಗೆ ಬಂದ.

ನಯಾ ಪೈಸೆ ಬಂದ ದಿನ

1957ರ ಏಪ್ರಿಲ್ 1ರಂದು ನಮ್ಮ ದೇಶದಲ್ಲಿ ಲೆಕ್ಕ ಬದಲಾಯಿತು. ರೂಪಾಯಿಗೆ ನೂರು ನಯಾ ಪೈಸೆ. ಸುಲಭದ ಲೆಕ್ಕ, ನಿಜ. ಆದರೆ ಹಳೇ ಆಣೆಗೂ ಹೊಸ ಪೈಸೆಗೂ ಹೊಂದಿಕೆ ಇರಲಿಲ್ಲ. ಒಂದು ಆಣೆ ಅಂದರೆ ಆರೂಕಾಲು ನಯಾ ಪೈಸೆ. ಕಾಲು ಪೈಸೆಯ ನಾಣ್ಯ ಎಲ್ಲಿದೆ? ಹಾಗಾಗಿ ಒಂದಾಣೆಗೆ 6, ಎರಡಾಣೆಗೆ 12, ಮೂರಾಣೆಗೆ 19, ನಾಲ್ಕಾಣೆಗೆ 25 ನಯಾ ಪೈಸೆ ಎಂದು ಕೋಷ್ಟಕ ಮಾಡಿದರು.

ಈ ಕೋಷ್ಟಕವನ್ನು ಇನ್ನೊಮ್ಮೆ ನೋಡಿ. ನಾಲ್ಕಾಣೆಯನ್ನು ಒಟ್ಟಿಗೆ ಕೊಟ್ಟವನಿಗೆ 25 ಪೈಸೆ. ಅದನ್ನೇ ಒಂದೊಂದು ಆಣೆಯಾಗಿ ನಾಲ್ಕು ಸಲ ಕೊಟ್ಟವನಿಗೆ 24 ಪೈಸೆ. ಸಣ್ಣದಾಗಿ ವ್ಯಾಪಾರ ಮಾಡಿದವನಿಗೇ ಒಂದು ಪೈಸೆ ಕಡಿಮೆ. ಯಾರೂ ಬೇಕೆಂದು ಮಾಡಿದ ಮೋಸ ಅಲ್ಲ, ಲೆಕ್ಕದ ಗುಣವೇ ಹಾಗೆ. ಅಜ್ಜಿ ಆ ಕಾಲದ ಬಗ್ಗೆ ಹೇಳುತ್ತಿದ್ದದ್ದು ಒಂದೇ ಮಾತು: "ಆಣೆ ಹೋಯ್ತು, ಅದರ ಜೊತೆ ಕೊಸರೂ ಹೋಯ್ತು."

1964ರಲ್ಲಿ 'ನಯಾ' ಎಂಬ ಮಾತು ಬಿಟ್ಟು ಬರೀ ಪೈಸೆ ಆಯಿತು. ಆಮೇಲೆ ಬೆಲೆಗಳು ಏರಿದವು, ಪೈಸೆಗಳು ಹಗುರವಾದವು. ಅಲ್ಯೂಮಿನಿಯಂ ನಾಣ್ಯ ನೀರಿಗೆ ಹಾಕಿದರೆ ತೇಲುತ್ತದೆ ಎಂದು ಮಕ್ಕಳು ಆಟ ಆಡಿದರು. ಒಂದೊಂದಾಗಿ ಅಂಗಡಿಯವರು ಬೇಡ ಅಂದರು. ಕೊನೆಗೆ 2011ರ ಜೂನ್ 30ರಿಂದ 25 ಪೈಸೆ ಮತ್ತು ಅದಕ್ಕಿಂತ ಚಿಕ್ಕ ನಾಣ್ಯಗಳ ಚಲಾವಣೆಯನ್ನೇ ಸರ್ಕಾರ ನಿಲ್ಲಿಸಿತು. ನಾಲ್ಕಾಣೆ ಸತ್ತ ದಿನ ಅದು.

ಪೈಸೆ ನಿಜವಾಗಿ ಸತ್ತಿದೆಯಾ?

ಜೇಬಿನಲ್ಲಿ ಸತ್ತಿದೆ, ಲೆಕ್ಕದಲ್ಲಿ ಸತ್ತಿಲ್ಲ. ಡೈರಿಗೆ ಹಾಲು ಹಾಕಿದಾಗ ಕೊಡುವ ಚೀಟಿ ನೋಡಿ. ಕೊಬ್ಬಿನ ಅಂಶಕ್ಕೆ ತಕ್ಕಂತೆ ದರ ಪೈಸೆಯಲ್ಲೇ ಏರಿಳಿಯುತ್ತದೆ. ದಿನಕ್ಕೆ 10 ಲೀಟರ್ ಹಾಕುವ ಮನೆಗೆ ಲೀಟರಿಗೆ ಬರೀ 25 ಪೈಸೆ ವ್ಯತ್ಯಾಸವಾದರೆ ದಿನಕ್ಕೆ ಎರಡೂವರೆ ರೂಪಾಯಿ, ವರ್ಷಕ್ಕೆ 912 ರೂಪಾಯಿ 50 ಪೈಸೆ. ನಾಣ್ಯ ಇಲ್ಲದ ನಾಲ್ಕಾಣೆ ಈಗಲೂ ಇಷ್ಟು ಕೆಲಸ ಮಾಡುತ್ತದೆ. ಚೀಟಿ ಓದದೆ ಮಡಚಿ ಸಂಚಿಗೆ ಹಾಕಬೇಡಿ.

ಇನ್ನೊಂದು ಕಡೆ, ಚಲಾವಣೆಯಲ್ಲಿರುವ ನಾಣ್ಯವನ್ನೇ ನಾವು ಕೊಲ್ಲುತ್ತಿದ್ದೇವೆ. ಹತ್ತು ರೂಪಾಯಿ ನಾಣ್ಯ ಕೊಟ್ಟರೆ "ಇದು ನಡೆಯಲ್ಲ" ಎಂದು ವಾಪಸ್ ತಳ್ಳುವವರು ಇನ್ನೂ ಇದ್ದಾರೆ. ಒಂದರಲ್ಲಿ ಗೆರೆ ಹತ್ತು, ಇನ್ನೊಂದರಲ್ಲಿ ಹದಿನೈದು, ಅದಕ್ಕೇ ಖೋಟಾ ಎಂಬ ಗಾಳಿಮಾತು. ರಿಸರ್ವ್ ಬ್ಯಾಂಕ್ 2018ರ ಜನವರಿಯಲ್ಲೇ ಸ್ಪಷ್ಟವಾಗಿ ಹೇಳಿದೆ: ಆ ಹೊತ್ತಿಗೆ ಬಂದಿದ್ದ 14 ವಿನ್ಯಾಸದ ಹತ್ತು ರೂಪಾಯಿ ನಾಣ್ಯಗಳೂ ಅಸಲಿ, ಎಲ್ಲವೂ ನಡೆಯುತ್ತವೆ. ಎಂಟಾಣೆ ಕೂಡ ಕಾನೂನಿನ ಪ್ರಕಾರ ಇನ್ನೂ ಚಲಾವಣೆಯಲ್ಲಿದೆ. ನಾಣ್ಯ ಬೇಡ ಅಂದಾಗ ಕಷ್ಟವಾಗುವುದು ಫೋನಿನಲ್ಲಿ ದುಡ್ಡು ಕಳಿಸುವವನಿಗಲ್ಲ. ಸೊಪ್ಪು ಮಾರಿ ನಾಲ್ಕು ನಾಣ್ಯ ಗಂಟು ಕಟ್ಟಿಕೊಂಡು ಬಸ್ಸು ಹತ್ತುವ ಅಜ್ಜಿಗೆ.

ಹಣೆಯ ಮೇಲಿನ ಕಾಸು

ಗ್ರೀಸಿನವರು ಸತ್ತವರ ಬಾಯಲ್ಲಿ ಒಂದು ಓಬಲ್ ಇಡುತ್ತಿದ್ದರು. ಆಚೆ ಲೋಕಕ್ಕೆ ಹೋಗುವ ಹೊಳೆ ದಾಟಿಸಲು ಅಂಬಿಗನಿಗೆ ಕೂಲಿ ಬೇಕಲ್ಲ ಎಂಬ ನಂಬಿಕೆ. ನಮ್ಮ ಕಡೆ ಹಣೆಗೆ ಕಾಸು ಅಂಟಿಸುತ್ತಾರೆ.

ಅಜ್ಜಿ ತೀರಿಕೊಂಡ ದಿನ ಮನೆಯಲ್ಲಿ ಯಾರ ಜೇಬಿನಲ್ಲೂ ಒಂದು ನಾಣ್ಯ ಇರಲಿಲ್ಲ. ಎಲ್ಲರ ಕೈಯಲ್ಲೂ ಫೋನ್ ಇತ್ತು. ಅಟ್ಟದ ಮೇಲಿನ ಈ ಡಬ್ಬಿಯ ನೆನಪು ಅವತ್ತು ಯಾರಿಗೂ ಬರಲಿಲ್ಲ. ಕೊನೆಗೆ ಎದುರು ಮನೆಯ ಅಮ್ಮ ಎಲೆಅಡಿಕೆ ಸಂಚಿ ಬಿಚ್ಚಿ ಒಂದು ರೂಪಾಯಿ ತೆಗೆದುಕೊಟ್ಟರು.

ಡಬ್ಬಿಯನ್ನು ಈಗ ಒರೆಸಿ ದೇವರ ಗೂಡಿನಲ್ಲಿ ಇಟ್ಟಿದ್ದೇನೆ. ತೂತು ಕಾಸಿಗೆ ಒಂದು ದಾರ ಪೋಣಿಸಿ ಆ ಪಕ್ಕದ ಮನೆಯ ಹುಡುಗನಿಗೆ ತೋರಿಸಿದೆ. ರೂಪಾಯಿಗೆ ಎಷ್ಟು ಕಾಸು ಎಂದು ಕೇಳಿದರೆ ಅವನು ಈಗ 192 ಎಂದು ಥಟ್ಟನೆ ಹೇಳುತ್ತಾನೆ.

ನಿಮ್ಮ ಮನೆಯ ಅಟ್ಟದಲ್ಲೂ ಇಂಥ ಡಬ್ಬಿ ಇರಬಹುದು. ಗುಜರಿಯವನಿಗೆ ಹಾಕುವ ಮೊದಲು ಮನೆಯ ಹಿರಿಯರ ಮುಂದೆ ಒಮ್ಮೆ ಸುರಿದು ನೋಡಿ. ಒಂದೊಂದು ಕಾಸಿಗೆ ಏನೇನು ಬರುತ್ತಿತ್ತು ಎಂದು ಅವರನ್ನು ಕೇಳಿ ಬರೆದಿಟ್ಟುಕೊಳ್ಳಿ.