ಟೈಟಲ್ ಕಾರ್ಡಿನಲ್ಲಿ ತಳುಕಿನ ಹೆಸರು

ಚಳ್ಳಕೆರೆಯಿಂದ ಬಳ್ಳಾರಿಯ ಕಡೆ ಹೊರಟರೆ, ಮೊಳಕಾಲ್ಮೂರಿನ ದಾರಿ ಕವಲೊಡೆಯುವ ಮೊದಲೇ ತಳುಕು ಸಿಗುತ್ತದೆ. ಟಿ.ಎಸ್. ವೆಂಕಣ್ಣಯ್ಯ, ತ.ಸು. ಶಾಮರಾಯರಂಥ ವಿದ್ವಾಂಸರನ್ನು ಕೊಟ್ಟ ಮನೆತನದ ಊರು ಅದು. ಅದೇ ಮನೆತನದ ತಳುಕಿನ ರಾಮಸ್ವಾಮಯ್ಯ ಸುಬ್ಬರಾವ್, ಅಂದರೆ ತ.ರಾ.ಸು. (1920-1984), ದುರ್ಗದ ಪಾಳೆಯಗಾರರ ಕಾದಂಬರಿಕಾರರೆಂದೇ ನಮಗೆ ನೆನಪು. ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಮರಣಾನಂತರ ಬಂದದ್ದೂ 'ದುರ್ಗಾಸ್ತಮಾನ'ಕ್ಕೆ. ಜನಪ್ರಿಯ ಸಿನಿಮಾದಲ್ಲಿ ಅವರ ಪಾಲನ್ನು ಮಾತ್ರ 'ಕಥೆ' ಎಂಬ ಟೈಟಲ್ ಕಾರ್ಡಿನ ಒಂದೇ ಸಾಲಿಗೆ ಇಳಿಸಿಬಿಟ್ಟಿದ್ದೇವೆ. ಚಿತ್ರಕಥೆ ಬರೆದವರಷ್ಟೇ ಅವರೂ ಆ ಚಿತ್ರಗಳ ಕರ್ತೃಗಳು ಎಂಬುದು ನನ್ನ ವಾದ.

ಇದಕ್ಕೆ ಬಲವಾದ ಆಕ್ಷೇಪ 1972ರ 'ನಾಗರಹಾವು' ಚಿತ್ರದಿಂದಲೇ ಬರುತ್ತದೆ. ತ.ರಾ.ಸು. ಅವರ ಮೂರು ಕಾದಂಬರಿಗಳನ್ನು ಬೆಸೆದು ಚಿತ್ರಕಥೆ ಮಾಡಿದವರು ನಿರ್ದೇಶಕ ಪುಟ್ಟಣ್ಣ ಕಣಗಾಲ್, ಸಂಭಾಷಣೆ ಚಿ. ಉದಯಶಂಕರ್ ಅವರದು. ಸ್ವತಃ ತ.ರಾ.ಸು. ಅವರೇ ತಮ್ಮ ನಾಗರಹಾವು ತೆರೆಯ ಮೇಲೆ ಕೇರೆಹಾವಾಯಿತೆಂದು ನೊಂದುಕೊಂಡದ್ದು ಪ್ರಸಿದ್ಧ. ಹಾಗಿದ್ದ ಮೇಲೆ ಅದು ಅವರ ಕೃತಿ ಹೇಗಾದೀತು? ಜಪಾನಿನ ಉದಾಹರಣೆಯನ್ನೂ ಎದುರಿಡಬಹುದು: ಕಥೆಗಾರ ಅಕುತಗಾವನ ಎರಡು ಕಥೆಗಳಿಂದ 1950ರಲ್ಲಿ 'ರಾಶೊಮೊನ್' ರೂಪುಗೊಂಡಾಗ ನಿರ್ದೇಶಕ ಕುರೊಸಾವನ ಜೊತೆ ಚಿತ್ರಕಥೆ ಬರೆದ ಶಿನೊಬು ಹಶಿಮೊತೊಗೆ ಕೀರ್ತಿ ಸಂದಿತು; ಮುಂದೆ 'ಸೆವೆನ್ ಸಮುರಾಯ್', 'ಹರಾಕಿರಿ'ಗಳಂಥ ಸಮುರಾಯ್ ಚಿತ್ರಗಳ ಬರಹಗಾರನಾಗಿ ಆತ ಬೆಳೆದ. ಆದರೆ ಅಕುತಗಾವನವು ಕೆಲವೇ ಪುಟಗಳ ಕಥೆಗಳು. ಚಿತ್ರದ ಉದ್ದಕ್ಕೆ ಹಶಿಮೊತೊ ಬಹಳಷ್ಟನ್ನು ಹೊಸದಾಗಿ ಕಟ್ಟಬೇಕಿತ್ತು. ಪುಟ್ಟಣ್ಣನವರ ಕೈಗೆ ಸಿಕ್ಕಿದ್ದು ತುಂಬು ಕಾದಂಬರಿಗಳು. ರಾಮಾಚಾರಿಯ ಹಟ, ಚಾಮಯ್ಯ ಮೇಷ್ಟರ ಅಕ್ಕರೆ, ಅಲಮೇಲು ಮತ್ತು ಮಾರ್ಗರೆಟ್ ನಡುವಿನ ಸಿಕ್ಕು ಅಲ್ಲಿ ಆಗಲೇ ಬೆಳೆದು ನಿಂತಿದ್ದವು. ಲೇಖಕರ ಅಸಮಾಧಾನವೂ ನನ್ನ ವಾದಕ್ಕೇ ಒದಗುತ್ತದೆ: ತನ್ನದಲ್ಲದ ವಸ್ತು ಮೆತ್ತಗಾದರೆ ಯಾರೂ ಅಷ್ಟು ನೋಯುವುದಿಲ್ಲ. ಪುಟ್ಟಣ್ಣನವರೇ 1974ರಲ್ಲಿ 'ನಾಗರಹಾವ'ನ್ನು ರಿಷಿ ಕಪೂರ್ ನಾಯಕತ್ವದಲ್ಲಿ ಹಿಂದಿಗೆ ಒಯ್ದಾಗ 'ಜಹರೀಲಾ ಇನ್ಸಾನ್' ಸೋತಿತು, ನಿಜ. ಕಥೆಯೊಂದೇ ಚಿತ್ರವನ್ನು ಗೆಲ್ಲಿಸದು. ಆದರೆ ಗೆಲುವಿನ ಲೆಕ್ಕ ಬೇರೆ, ಕರ್ತೃತ್ವದ ಲೆಕ್ಕ ಬೇರೆ.

ನನಗೆ ಹೆಚ್ಚು ಗಟ್ಟಿ ಅನ್ನಿಸುವ ಸಾಕ್ಷ್ಯ ತ.ರಾ.ಸು. ಅವರ 'ಹಂಸಗೀತೆ' ಕಾದಂಬರಿ. ಚಿತ್ರದುರ್ಗದ ಸಂಗೀತಗಾರ ಭೈರವಿ ವೆಂಕಟಸುಬ್ಬಯ್ಯನವರ ಕಥೆಯಿದು. 1956ರಲ್ಲಿ ರಾಜಾ ನವಾಥೆ ಇದನ್ನು 'ಬಸಂತ್ ಬಹಾರ್' ಎಂಬ ಹಾಡುಗಳ ಹಿಂದಿ ಚಿತ್ರ ಮಾಡಿದರು; 1975ರಲ್ಲಿ ಜಿ.ವಿ. ಅಯ್ಯರ್ ಅನಂತ್ ನಾಗ್ ಅವರನ್ನಿಟ್ಟು ಅದನ್ನೇ ತೀರ ಬೇರೆ ಬಗೆಯ ಕನ್ನಡ ಚಿತ್ರವಾಗಿಸಿದರು. ಆ ಎರಡು ಸಿನಿಮಾಗಳಿಗೆ ಶೈಲಿಯಲ್ಲಿ ನಂಟೇ ಇಲ್ಲ. ಗಾಯಕನ ದನಿಯೇ ಪಣಕ್ಕೆ ಬೀಳುವ ಸಂಕಟ ಮಾತ್ರ ಎರಡರಲ್ಲೂ ಉಳಿದಿದೆ, ಅದು ನಿರ್ದೇಶಕರದಲ್ಲ. ತ.ರಾ.ಸು. ತೀರಿಕೊಂಡು ಒಂಬತ್ತು ವರ್ಷಗಳ ಮೇಲೆ, 1993ರಲ್ಲಿ, ರಾಜ್‌ಕುಮಾರ್ ಅಭಿನಯದ 'ಆಕಸ್ಮಿಕ'ಕ್ಕಾಗಿ ಟಿ.ಎಸ್. ನಾಗಾಭರಣ ಮತ್ತೆ ಅವರ ಮೂರು ಕಾದಂಬರಿಗಳನ್ನೇ ಒಟ್ಟು ಮಾಡಿಕೊಂಡರು.