ಪಲ್ಲಕ್ಕಿಯ ಮಾನವೂ ದಾವೆಯ ಕಾಲಮಿತಿಯೂ

ಜೇಜುರಿಯ ಖಂಡೋಬನು ಕನ್ನಡಿಗರ ಮೈಲಾರನೇ ಎಂಬುದು ಈ ಭಾಗದ ಕನ್ನಡಿಗರಿಗೆ ಹೊಸ ಮಾತಲ್ಲ. ‘ಯೇಳಕೋಟ’ದ ಕೂಗಿನಲ್ಲಿ ‘ಏಳುಕೋಟಿ’ಯ ಧ್ವನಿ ಸ್ಪಷ್ಟವಾಗಿಯೇ ಇದೆ. ಸೋಮವತೀ ಅಮಾವಾಸ್ಯೆಯಂದು ದೇವರ ಪಲ್ಲಕ್ಕಿ ಗಡದಿಂದಿಳಿದು ಕರ್ಹಾ ನದಿಗೆ ಸ್ನಾನಕ್ಕೆ ಹೋಗುತ್ತದೆ. ಇಂತಹ ಉತ್ಸವಗಳಲ್ಲಿ ಮುಂದೆ ನಡೆಯತಕ್ಕವರು ಯಾರು, ಹೆಗಲು ಕೊಡತಕ್ಕವರು ಯಾರು ಎಂಬುದು ದಖ್ಖನಿನಲ್ಲಿ ಬರಿಯ ಭಕ್ತಿಯ ಪ್ರಶ್ನೆಯಾಗಿರಲಿಲ್ಲ; ಅದು ಮನೆತನದ ಸೊತ್ತು. ಮರಾಠಿಯಲ್ಲಿ ಅದಕ್ಕೆ ‘ಮಾನಪಾನ’ವೆಂದು ಹೆಸರು. ಸೊತ್ತಾದುದರಿಂದಲೇ ಅದರ ವ್ಯಾಜ್ಯವೂ ತಂದೆಯಿಂದ ಮಗನಿಗೆ ಇಳಿಯುತ್ತಿತ್ತು.

ಮಾಲೋಜಿ ಥೋರಾತನೆಂಬವನು 1205ರಲ್ಲಿ ಹೂಡಿದ ಇಂತಹದೊಂದು ದಾವೆ, 761 ವರ್ಷಗಳ ತರುವಾಯ, 1966ರ ಏಪ್ರಿಲ್ 28ರಂದು ಪುಣೆಯಲ್ಲಿ ಅವನ ವಂಶಜನ ಪರವಾಗಿ ತೀರ್ಮಾನವಾಯಿತೆಂದು ಗಿನ್ನೆಸ್ ದಾಖಲೆಯ ಗ್ರಂಥ ಹೇಳಿತು. ಉತ್ಸವಗಳಲ್ಲಿ ಅಗ್ರಸ್ಥಾನ ಯಾರದೆಂಬುದೇ ವಿವಾದ. ಯಾವ ದೇವಾಲಯವೆಂಬುದನ್ನು ಆ ಗ್ರಂಥ ತಿಳಿಸುವುದಿಲ್ಲ.

ಇತಿಹಾಸದ ದೃಷ್ಟಿಯಿಂದ ಈ ಮಾತು ನಿಲ್ಲುವುದು ಕಷ್ಟ. 1205ರಲ್ಲಿ ಇಲ್ಲಿ ಆಳುತ್ತಿದ್ದವರು ಕನ್ನಡದಲ್ಲಿಯೂ ಶಾಸನಗಳನ್ನು ಬರೆಯಿಸಿದ ದೇವಗಿರಿಯ ಸೇವುಣರು. ಅವರ ಅನಂತರ ದಿಲ್ಲಿಯ ಸುಲ್ತಾನರು, ಬಹಮನಿಗಳು, ನಿಜಾಮಶಾಹಿಗಳು, ಮರಾಠರು, 1818ರಿಂದ ಇಂಗ್ಲಿಷರು. ಒಂದು ಅರ್ಜಿಯನ್ನು ಇಷ್ಟು ರಾಜ್ಯಗಳ ಮೂಲಕ ದಾಟಿಸಿ ತಂದ ನ್ಯಾಯಾಲಯವಾವುದೂ ಇರಲಿಲ್ಲ. ಮರಾಠರ ಕಾಲದಲ್ಲಿ ಗೋತಸಭೆ ಕೂಡಿ ‘ಮಹಜರು’ ಬರೆದು, ಸೋತವನಿಂದ ‘ಯೇಜಿತಖತ’ವನ್ನು ಬರೆಸಿಕೊಳ್ಳುತ್ತಿತ್ತು. ಆದರೆ ಸೋತವನ ಮೊಮ್ಮಗನು ಹೊಸ ಅಧಿಕಾರಿಯ ಮುಂದೆ ಅದೇ ಹಕ್ಕನ್ನು ಮತ್ತೆ ಎತ್ತಬಹುದಾಗಿತ್ತು. ಥೋರಾತರ ಮನೆಯಲ್ಲಿ ಉಳಿದುಬಂದದ್ದು ಹಕ್ಕಿನ ನೆನಪೇ ಹೊರತು ಒಂದೇ ದಾವೆಯಲ್ಲವೆಂದು ಭಾವಿಸುವುದು ಯುಕ್ತ.

ಇಂಗ್ಲಿಷರು ತಂದ ವಿಧಿಗಳು ಈ ದೀರ್ಘ ಸ್ಮರಣೆಗೆ ಪ್ರತಿಕೂಲವಾದವು. ಒಮ್ಮೆ ತೀರ್ಮಾನವಾದ ವಿವಾದವನ್ನು ಅದೇ ಕಕ್ಷಿಗಳಾಗಲಿ ಅವರ ವಾರಸುದಾರರಾಗಲಿ ಮತ್ತೆ ಎತ್ತಲಾಗದು. ಕಕ್ಷಿದಾರನು ತೀರಿಕೊಂಡರೆ, ಇಂದಿನ ಕಾಯಿದೆಯಂತೆ, 90 ದಿನಗಳೊಳಗೆ ವಾರಸುದಾರರ ಹೆಸರನ್ನು ಸೇರಿಸಲು ಅರ್ಜಿ ಹೋಗತಕ್ಕದ್ದು; ಇಲ್ಲವಾದರೆ ದಾವೆ ಬಿದ್ದುಹೋಗುತ್ತದೆ. ವಂಶಪಾರಂಪರ್ಯದ ಹುದ್ದೆಯನ್ನು ಮರಳಿ ಪಡೆಯಲು 12 ವರ್ಷಗಳ ಅವಧಿ.

ಮಾನವೆಂಬುದು ಸಿವಿಲ್ ಹಕ್ಕೇ ಎಂಬ ಪ್ರಶ್ನೆ ಬೇರೆ. ಅಡ್ಡಪಲ್ಲಕ್ಕಿಯ ಮಾನಕ್ಕಾಗಿ ಶಂಕರಭಾರತೀ ಸ್ವಾಮಿಗಳಿಗೂ ಸಿದ್ಧಲಿಂಗಯ್ಯ ಚರಂತಿಯವರಿಗೂ ನಡೆದ ವ್ಯಾಜ್ಯ (ಹೆಸರುಗಳೇ ಅದು ಯಾವ ನಾಡಿನದೆಂದು ಹೇಳುತ್ತವೆ) 1843ರಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲನ್ನು ಮುಟ್ಟಿತ್ತು. ಹುದ್ದೆಗೆ ಅಂಟಿದ ಮಾನವನ್ನು ಮಾತ್ರ ಹಕ್ಕೆಂದೆಣಿಸಿ, ಬರಿಯ ಮರ್ಯಾದೆಯನ್ನು ನ್ಯಾಯಾಲಯಗಳು ಕ್ರಮೇಣ ಹೊರಗಿಟ್ಟವು.

ಇದೇ ಪುಣೆ ಜಿಲ್ಲೆಯ ಆಳಂದಿಯ ಪ್ರಕರಣ ಗಿನ್ನೆಸ್ ಕಥೆಗಿಂತ ಹೆಚ್ಚು ಬೋಧಪ್ರದ. ಜ್ಞಾನೇಶ್ವರ ಸಂಸ್ಥಾನವು 1911ರಲ್ಲಿ ಗುರವರನ್ನು ಪೂಜೆಯ ಸೇವೆಯಿಂದ ತೆಗೆದುಹಾಕಿತು. ದಿನದಿನವೂ ತಮಗೆ ಪೂಜೆ ತಪ್ಪುತ್ತಿರುವುದರಿಂದ ಅನ್ಯಾಯವೂ ದಿನದಿನವೂ ಹೊಸದಾಗುತ್ತಿದೆ, ಆದುದರಿಂದ ಅವಧಿ ಮುಗಿಯಲಾರದೆಂಬುದು ಅವರ ವಾದ. 1959ರಲ್ಲಿ ಸುಪ್ರೀಂ ಕೋರ್ಟು ಇದನ್ನು ಒಪ್ಪಲಿಲ್ಲ: ಹೊರಹಾಕಿದ ದಿನವೇ ಅನ್ಯಾಯ ಪೂರ್ಣವಾಯಿತು, ಮುಂದುವರಿದದ್ದು ಅದರ ಪರಿಣಾಮ ಮಾತ್ರ. ಗುರವರ ಮೇಲ್ಮನವಿ ವಜಾ ಆಯಿತು.