ಬಣ್ಣದ ಮೊಗಸಾಲೆಯ ತತ್ತ್ವಶಾಲೆ

ಸಂತೆ, ನ್ಯಾಯವಿಚಾರಣೆ, ಊರ ಹರಟೆ ಎಲ್ಲವೂ ಒಟ್ಟಿಗೇ ನಡೆಯುತ್ತಿದ್ದ ಅಥೆನ್ಸಿನ ನಡುಬಯಲಿಗೆ ಅಗೋರಾ ಎಂದು ಹೆಸರಿತ್ತು. ಅದರ ಉತ್ತರದ ಅಂಚಿನಲ್ಲಿ, ಕ್ರಿ.ಪೂ. ಐದನೆಯ ಶತಮಾನದ ಮಧ್ಯಭಾಗಕ್ಕೆ ಕೊಂಚ ಮೊದಲು, ಕಂಬಸಾಲಿನ ಉದ್ದನೆಯ ಮೊಗಸಾಲೆಯೊಂದು ನಿರ್ಮಾಣವಾಯಿತು. ಗ್ರೀಕರು ಇಂಥ ಕಟ್ಟಡವನ್ನು ಸ್ಟೋವಾ ಎನ್ನುತ್ತಿದ್ದರು. ಪಾಲಿಗ್ನೋಟಸ್ ಮೊದಲಾದ ಹೆಸರಾಂತ ಚಿತ್ರಕಾರರು ಮ್ಯಾರಥಾನ್ ಕದನವನ್ನೂ ಟ್ರಾಯ್ ನಗರದ ಪತನವನ್ನೂ ಇಲ್ಲಿ ಚಿತ್ರಿಸಿದ್ದರಿಂದ ಇದು ಸ್ಟೋವಾ ಪೊಯ್ಕಿಲೆ, ಅಂದರೆ ಬಣ್ಣದ ಮೊಗಸಾಲೆ ಎನಿಸಿಕೊಂಡಿತು. ಕ್ರಿ.ಪೂ. 425ರಲ್ಲಿ ಪೈಲೋಸ್ ಬಳಿ ಸೆರೆಸಿಕ್ಕ ಸ್ಪಾರ್ಟಾದವರ ಗುರಾಣಿಗಳನ್ನು, ಕಿಲುಬು ಹಿಡಿಯದಂತೆ ರಾಳ ಬಳಿದು, ಇಲ್ಲಿ ತೂಗುಹಾಕಲಾಗಿತ್ತು. ಅಥೆನ್ಸನ್ನು ಆಳಿದ ಮೂವತ್ತು ಮಂದಿ ನಿರಂಕುಶರ ಕಾಲದಲ್ಲಿ 1,400 ಪೌರರನ್ನು ಕೊಂದದ್ದೂ ಇದೇ ಸ್ಥಳದಲ್ಲಿ ಎಂದು ತತ್ತ್ವಜ್ಞಾನಿಗಳ ಚರಿತ್ರೆ ಬರೆದ ಡಯೋಜಿನೀಸ್ ಲೇರ್ಷಿಯಸ್ ಹೇಳುತ್ತಾನೆ. ಗೆಲುವಿನ ಹೆಮ್ಮೆಯನ್ನೂ ಅನ್ಯಾಯದ ನೆನಪನ್ನೂ ಹೀಗೆ ಒಟ್ಟಿಗೇ ಹೊತ್ತಿದ್ದ ಈ ಮೊಗಸಾಲೆಯಲ್ಲಿ, ಕ್ರಿ.ಪೂ. 300ರ ಸುಮಾರಿಗೆ, ಸೈಪ್ರಸ್ ದ್ವೀಪದ ಕಿಟಿಯಮ್ ಪಟ್ಟಣದಿಂದ ಬಂದಿದ್ದ ಝೀನೋ ಅತ್ತಿಂದಿತ್ತ ನಡೆದಾಡುತ್ತ ಪಾಠ ಹೇಳತೊಡಗಿದನು. ಅವನ ಶಿಷ್ಯಪರಂಪರೆಗೆ ಸ್ಟೋಯಿಕ್ ಪಂಥವೆಂಬ ಹೆಸರು ಬಂದದ್ದು ಈ ಜಾಗದಿಂದಲೇ.

ಝೀನೋ ಸಾರ್ವಜನಿಕ ಮೊಗಸಾಲೆಯನ್ನೇ ಶಾಲೆ ಮಾಡಿಕೊಂಡದ್ದನ್ನು ಅಥೆನ್ಸಿನ ಭೂಕಾನೂನಿನ ಬೆಳಕಿನಲ್ಲಿ ನೋಡಬೇಕು. ಪೌರತ್ವವಿಲ್ಲದ ಹೊರಗಿನವರು, ವಿಶೇಷ ಅನುಮತಿ ದೊರೆಯದ ಹೊರತು, ಅಲ್ಲಿ ನೆಲವನ್ನಾಗಲಿ ಮನೆಯನ್ನಾಗಲಿ ಕೊಳ್ಳುವಂತಿರಲಿಲ್ಲ. ಪೌರನಾಗಿದ್ದ ಪ್ಲೇಟೋವಿಗೆ ಅಕಾಡೆಮಿಯ ಬಳಿ ಸ್ವಂತ ತೋಟವಿತ್ತು. ಪೌರನೇ ಆಗಿದ್ದ ಎಪಿಕ್ಯೂರಸ್ 80 ಮಿನಾ, ಅಂದರೆ 8,000 ದ್ರಾಕ್ಮಾ ಬೆಲೆಗೆ ತನ್ನ ಹೆಸರಾಂತ ತೋಟವನ್ನು ಕೊಂಡನು. ಸ್ಟಗೀರಾ ಊರಿನ ಅರಿಸ್ಟಾಟಲನಿಗೆ ಆ ಹಕ್ಕಿರಲಿಲ್ಲವಾದ್ದರಿಂದ ಅವನು ಲೈಸಿಯಮ್ ಎಂಬ ಸಾರ್ವಜನಿಕ ವ್ಯಾಯಾಮಶಾಲೆಯ ಆವರಣದಲ್ಲಿ ಬೋಧಿಸಿದನು. ಅವನ ಉತ್ತರಾಧಿಕಾರಿ ಥಿಯೊಫ್ರಾಸ್ಟಸ್ ಸ್ವಂತ ತೋಟ ಪಡೆದದ್ದು ಅಧಿಕಾರದಲ್ಲಿದ್ದ ಫಲೇರಮಿನ ಡಿಮಿಟ್ರಿಯಸ್‌ನ ನೆರವಿನಿಂದ. ಝೀನೋ ಮಾತ್ರವಲ್ಲ, ಅವನ ನಂತರ ಪಂಥವನ್ನು ಮುನ್ನಡೆಸಿದ ಅಸ್ಸೋಸಿನ ಕ್ಲಿಯಾಂಥಿಸ್ ಮತ್ತು ಸೋಲಿಯ ಕ್ರಿಸಿಪ್ಪಸ್ ಕೂಡ ಹೊರ ಊರಿನವರೇ.

ಕಟ್ಟಡವೇ ಸಿದ್ಧಾಂತವನ್ನು ಹುಟ್ಟಿಸಿತು ಎಂದರೆ ಅತಿಯಾದೀತು, ಏಕೆಂದರೆ ಆಸ್ತಿಯನ್ನೆಲ್ಲ ತೊರೆದು ಬದುಕುತ್ತಿದ್ದ ಸಿನಿಕ್ ಪಂಥದ ಕ್ರೇಟೀಸ್‌ನಿಂದ ಝೀನೋ ಮೊದಲೇ ಸಾಕಷ್ಟು ಕಲಿತಿದ್ದನು. ಆದರೂ ಎಲ್ಲರಿಗೂ ತೆರೆದಿದ್ದ ಈ ಶಾಲೆಗೂ ಅದರ ಬೋಧನೆಗೂ ಇದ್ದ ಹೊಂದಿಕೆ ಗಮನಾರ್ಹವಾದುದು. ಗ್ರೀಕ್ ನೀತಿಶಾಸ್ತ್ರದ ಗುರಿ ಯುಡೈಮೋನಿಯಾ, ಅಂದರೆ ಇಡೀ ಬದುಕು ಚೆನ್ನಾಗಿ ಸಾಗುವುದು. ಅದಕ್ಕೆ ಸಾಧನ ಅರೆಟೆ, ಅಂದರೆ ಮನುಷ್ಯನನ್ನು ಮನುಷ್ಯನಾಗಿ ಶ್ರೇಷ್ಠನನ್ನಾಗಿಸುವ ಸದ್ಗುಣ. ಅರೆಟೆಯ ಜೊತೆಗೆ ಗೆಳೆಯರು, ಸ್ವಲ್ಪ ಸಂಪತ್ತು, ಒಳ್ಳೆಯ ಮಕ್ಕಳು, ಅದೃಷ್ಟದ ನೆರವು ಇವೂ ಬೇಕೆಂದು ಅರಿಸ್ಟಾಟಲ್ ಒಪ್ಪಿದ್ದನು. ಮುಪ್ಪಿನಲ್ಲಿ ಮಕ್ಕಳನ್ನೂ ರಾಜ್ಯವನ್ನೂ ಕಳೆದುಕೊಂಡ ಟ್ರಾಯ್ ದೊರೆ ಪ್ರಯಮನನ್ನು ಯಾರೂ ಸುಖಿ ಎನ್ನಲಾರರು ಎಂಬುದು ಅವನ ವಾದ. ಸ್ಟೋಯಿಕರು ಇದನ್ನು ಒಪ್ಪಲಿಲ್ಲ. ಅವರ ಪ್ರಕಾರ ಒಳಿತು ಎಂಬುದು ಅರೆಟೆಯೊಂದೇ. ಆರೋಗ್ಯ, ಹಣ, ಕೀರ್ತಿ ಮುಂತಾದವು ಅಡಿಯಾಫೊರಾ, ಅಂದರೆ ಸ್ವತಃ ಒಳಿತೂ ಅಲ್ಲದ ಕೆಡುಕೂ ಅಲ್ಲದ ಸಂಗತಿಗಳು. ಅವುಗಳಲ್ಲಿ ಕೆಲವನ್ನು ಸಹಜವಾಗಿಯೇ ಆಯ್ದುಕೊಳ್ಳಬಹುದು, ಆದರೆ ಅವು ಕೈತಪ್ಪಿದರೆ ಬದುಕು ಕೆಡುವುದಿಲ್ಲ. ಇಡೀ ಜಗತ್ತನ್ನು ನಡೆಸುವ ಲೋಗೋಸ್, ಅಂದರೆ ವಿವೇಕ, ಮನುಷ್ಯನೊಳಗೂ ಇರುವುದರಿಂದ ಅದಕ್ಕೆ ಹೊಂದಿಕೊಂಡು ಬದುಕುವ ಸಾಮರ್ಥ್ಯಕ್ಕೆ ಕುಲ, ಊರು, ಆಸ್ತಿ ಯಾವುದೂ ಷರತ್ತಾಗಲಾರದು.

ಈ ವಿವೇಕ ಕೆಲಸ ಮಾಡುವ ಬಗೆಯನ್ನು ಝೀನೋ ಕೈಸನ್ನೆಯಿಂದ ತೋರಿಸುತ್ತಿದ್ದನೆಂದು ರೋಮಿನ ಸಿಸೆರೋ ದಾಖಲಿಸಿದ್ದಾನೆ. ಬೆರಳು ಚಾಚಿದ ತೆರೆದ ಅಂಗೈ ಮನಸ್ಸಿಗೆ ತೋರುವ ಅನಿಸಿಕೆ. ಬೆರಳುಗಳನ್ನು ತುಸು ಮಡಿಸಿದರೆ ಅದಕ್ಕೆ ಮನಸ್ಸು ಕೊಡುವ ಸಮ್ಮತಿ. ಬಿಗಿದ ಮುಷ್ಟಿ ಗ್ರಹಿಕೆ. ಆ ಮುಷ್ಟಿಯನ್ನು ಎಡಗೈಯಿಂದ ಭದ್ರವಾಗಿ ಹಿಡಿದಾಗ ಅದು ಜ್ಞಾನ, ಅದು ಪ್ರಾಜ್ಞನಿಗೆ ಮಾತ್ರ ಸಾಧ್ಯ. ಅನಿಸಿಕೆ ಬರುವುದು ಮನುಷ್ಯನ ವಶದಲ್ಲಿಲ್ಲ, ಸಮ್ಮತಿ ಕೊಡುವುದು ಅವನ ವಶದಲ್ಲಿದೆ ಎಂಬ ಈ ಭೇದವೇ ಸ್ಟೋಯಿಕ್ ನೀತಿಯ ಬುನಾದಿ. ಸಿಟ್ಟು, ಭಯ, ದುರಾಸೆಗಳು ಅವರ ದೃಷ್ಟಿಯಲ್ಲಿ ತಪ್ಪು ಅನಿಸಿಕೆಗೆ ಅವಸರದಲ್ಲಿ ಕೊಟ್ಟ ಸಮ್ಮತಿಗಳು.

ಆಸ್ತಿಯಿಲ್ಲದೆಯೂ ಬದುಕು ಕೆಡದೆಂಬ ಬೋಧನೆಯನ್ನು ಬಾಳಿ ತೋರಿದವನು ಕ್ಲಿಯಾಂಥಿಸ್. ರಾತ್ರಿಯಿಡೀ ತೋಟಗಳಿಗೆ ಬಾವಿಯಿಂದ ನೀರು ಸೇದಿ, ಹಗಲೆಲ್ಲ ಪಾಠ ಕೇಳುತ್ತಿದ್ದ ಅವನು, ಕಾಗದದಂತೆ ಬಳಸುತ್ತಿದ್ದ ಪಪೈರಸ್ ಕೊಳ್ಳಲು ಹಣವಿಲ್ಲದೆ ಗುರುವಿನ ಮಾತುಗಳನ್ನು ಮಡಕೆಯ ಚೂರುಗಳ ಮೇಲೆ, ಎತ್ತಿನ ಹೆಗಲಮೂಳೆಗಳ ಮೇಲೆ ಬರೆದುಕೊಳ್ಳುತ್ತಿದ್ದನೆಂದು ಡಯೋಜಿನೀಸ್ ಹೇಳುತ್ತಾನೆ. ಹೊಟ್ಟೆಪಾಡಿಗೇನು ಮಾಡುತ್ತೀಯೆಂದು ನ್ಯಾಯಸಭೆ ಅವನನ್ನು ಕರೆಸಿ ಕೇಳಿದಾಗ, ತಾನು ನೀರು ಸೇದುತ್ತಿದ್ದ ತೋಟದವನನ್ನೂ ಹಿಟ್ಟು ಮಾರುವವಳನ್ನೂ ಅವನು ಸಾಕ್ಷಿಯಾಗಿ ಕರೆತಂದನಂತೆ. ಮೆಚ್ಚಿದ ಸಭೆ 10 ಮಿನಾ ಕೊಡಲು ನಿರ್ಧರಿಸಿದರೆ, ಝೀನೋ ಅದನ್ನು ತೆಗೆದುಕೊಳ್ಳಬೇಡವೆಂದನು. ಆ ಕಾಲದ ಸಿರಿವಂತರು ದೇಹಶ್ರಮವನ್ನು ಕೀಳೆಂದು ಕಾಣುತ್ತಿದ್ದರು ಎಂಬುದನ್ನು ನೆನೆದರೆ, ನೀರು ಸೇದುವವನೊಬ್ಬ ತತ್ತ್ವಶಾಲೆಯೊಂದರ ಮುಖ್ಯಸ್ಥನಾದದ್ದು ಸಣ್ಣ ಸಂಗತಿಯಲ್ಲ.

ಮುಂದಿನ ಇತಿಹಾಸ ಹೆಚ್ಚಾಗಿ ರೋಮಿನದು. ಕ್ರಿ.ಪೂ. 155ರಲ್ಲಿ ಅಥೆನ್ಸಿನ ರಾಯಭಾರಿಗಳಾಗಿ ರೋಮಿಗೆ ಹೋದ ಮೂವರು ತತ್ತ್ವಜ್ಞಾನಿಗಳಲ್ಲಿ ಆಗಿನ ಸ್ಟೋಯಿಕ್ ಮುಖ್ಯಸ್ಥ ಬ್ಯಾಬಿಲೋನಿಯದ ಡಯೋಜಿನೀಸ್ ಒಬ್ಬನು. ಕ್ರಿ.ಶ. ಮೊದಲ ಶತಮಾನದಲ್ಲಿ ಮ್ಯೂಸೋನಿಯಸ್ ರೂಫಸ್ ಹೆಣ್ಣುಮಕ್ಕಳಿಗೂ ಅದೇ ವಿವೇಕವಿದೆ, ಅವರೂ ತತ್ತ್ವಶಾಸ್ತ್ರ ಕಲಿಯಬೇಕು ಎಂದು ವಾದಿಸಿದನು. ಗುಲಾಮನಾಗಿದ್ದ ಅವನ ಶಿಷ್ಯ ಎಪಿಕ್ಟೀಟಸ್ ಬಿಡುಗಡೆಯ ನಂತರ ನಿಕೊಪೊಲಿಸ್‌ನಲ್ಲಿ ಶಾಲೆ ತೆರೆದನು. ಇಷ್ಟಾದರೂ ಪಂಥದ ಮಿತಿಯನ್ನು ಮುಚ್ಚಿಡುವುದು ನ್ಯಾಯವಲ್ಲ. ಗುಲಾಮರೂ ಮನುಷ್ಯರೇ, ಅವರನ್ನು ಮೃದುವಾಗಿ ನಡೆಸಿಕೊಳ್ಳಿ ಎಂದು ಬರೆದ ಸೆನೆಕಾ ಸ್ವತಃ ಗುಲಾಮರ ಒಡೆಯನಾಗಿದ್ದನು. ಸರಪಳಿಯಲ್ಲಿದ್ದರೂ ಒಳಗಿನಿಂದ ಸ್ವತಂತ್ರನಾಗಿರಬಹುದು ಎಂಬ ಬೋಧನೆ ಎಷ್ಟೋ ಜನರಿಗೆ ಆಸರೆಯಾಯಿತಾದರೂ, ಸರಪಳಿಯನ್ನೇ ಕಳಚಬೇಕೆಂಬ ಬೇಡಿಕೆಯಾಗಿ ಅದು ಬೆಳೆಯಲಿಲ್ಲ.